ಗುರಿ ತಪ್ಪುವುದು ಎಲ್ಲಿ?

ದೊಡ್ಡಬಳ್ಳಾಪುರ ತಾಲ್ಲೂಕಿನ ಘಾಟಿ ಸುಬ್ರಹ್ಮಣ್ಯಕ್ಕೆ ಹೋಗಿ ಗರ್ಭಗುಡಿಯ ಕನ್ನಡಿಯನ್ನು ನೋಡದೆ ಬಂದವರು ವಿರಳ. ಒಂದೇ ಶಿಲೆಯಲ್ಲಿ ಪೂರ್ವಕ್ಕೆ ಮುಖ ಮಾಡಿದ ಸುಬ್ರಹ್ಮಣ್ಯ, ಪಶ್ಚಿಮಕ್ಕೆ ಮುಖ ಮಾಡಿದ ನರಸಿಂಹ. ಎದುರು ನಿಂತ ಭಕ್ತರಿಗೆ ಹಿಂದಿನ ಮೂರ್ತಿ ಕಾಣುವಂತಿಲ್ಲ. ಆ ತೊಡಕನ್ನು ಒಂದು ಕನ್ನಡಿ ಬಗೆಹರಿಸಿದೆ.

ಗುಡಿಯಿಂದ ಜಾತ್ರೆಯ ಬಯಲಿಗೆ ಬಂದರೆ ಕಣ್ಣಿಗೆ ಇನ್ನೊಂದು ತೊಡಕು. ಘಾಟಿಯ ದನಗಳ ಜಾತ್ರೆ ಹೆಸರುವಾಸಿ. ಜಾತ್ರೆ ಎಂದಮೇಲೆ ಬಲೂನಿಗೆ ಗುಂಡು ಹೊಡೆಯುವ ಆಟ ನಮ್ಮಲ್ಲಿ ಬೆಂಡು ಬತ್ತಾಸಿನಷ್ಟೇ ಸಹಜ. ನಾಲ್ಕು ಹೆಜ್ಜೆ ಆಚೆ ಹಲಗೆಯ ತುಂಬ ಬಲೂನುಗಳು. ಆದರೂ ಗುಂಡು ಹೋಗಿ ಬೀಳುವುದು ಹಲಗೆಗೆ. ‘ಬಂದೂಕೇ ಸೊಟ್ಟ ಕಣಯ್ಯ’ ಎನ್ನುತ್ತಾರೆ ಹೊಡೆದವರು. ಒಮ್ಮೊಮ್ಮೆ ಅದು ನಿಜವೂ ಹೌದು. ಆದರೆ ಹೆಚ್ಚಿನ ಸಲ ಸೊಟ್ಟಗಿರುವುದು ನೋಟ, ಇಲ್ಲವೆ ಬೆರಳು.

ಬಂದೂಕಿಗೆ ಭುಜದ ಆಸರೆಯಾದರೂ ಉಂಟು. ಕೈಲ್ ಪೊಳ್ದ್ ಹಬ್ಬದಲ್ಲಿ ಮರದ ಮೇಲಿನ ತೆಂಗಿನಕಾಯಿಗೆ ಗುಂಡು ಹೊಡೆಯುವ ಕೊಡವರು ಕೋವಿಯನ್ನು ಭುಜಕ್ಕೆ ಒತ್ತಿ ಹಿಡಿಯುತ್ತಾರೆ. ಪಿಸ್ತೂಲಿಗೆ ಅದೂ ಇಲ್ಲ. ಒಲಿಂಪಿಕ್ಸಿನ 10 ಮೀಟರ್ ಏರ್ ಪಿಸ್ತೂಲ್ ಸ್ಪರ್ಧೆಯಲ್ಲಿ ಒಂದೇ ಕೈ ಚಾಚಿ, ಯಾವ ಆಸರೆಯೂ ಇಲ್ಲದೆ ಹೊಡೆಯಬೇಕು. ನಡುವಿನ ಹತ್ತರ ವೃತ್ತದ ಅಗಲ 11.5 ಮಿಲಿಮೀಟರ್, ಅಂಗಿಯ ಗುಂಡಿಯಷ್ಟು. ಅರ್ಹತಾ ಸುತ್ತಿನಲ್ಲಿ ಇಂಥ ಗುರಿಗೆ 60 ಗುಂಡು.

ಕೈ ನಡುಗುವುದರಿಂದ ಗುರಿ ತಪ್ಪುತ್ತದೆ ಎಂಬುದು ಸಾಮಾನ್ಯ ನಂಬಿಕೆ. ಅದು ಅರ್ಧ ಸತ್ಯ. ಪಿಸ್ತೂಲಿನ ಹಿಂಬದಿಯಲ್ಲಿ ಒಂದು ಕಚ್ಚು, ನಳಿಗೆಯ ತುದಿಯಲ್ಲಿ ಒಂದು ಮೊಳೆ ಇರುತ್ತವೆ. ಶೂಟರ್‌ಗಳು ಇವನ್ನು ರೇರ್ ಸೈಟ್, ಫ್ರಂಟ್ ಸೈಟ್ ಎನ್ನುತ್ತಾರೆ. ಮೊಳೆ ಕಚ್ಚಿನ ನಟ್ಟನಡುವೆ ಕಾಣಬೇಕು, ಎರಡರ ತಲೆಯೂ ಸಮನಾಗಿರಬೇಕು. ಹೀಗೆ ಕೂಡಿಸಿ ಹಿಡಿದ ಪಿಸ್ತೂಲು ಇಡಿಯಾಗಿ 5 ಮಿಲಿಮೀಟರ್ ಪಕ್ಕಕ್ಕೆ ಸರಿದರೆ ಗುಂಡೂ 5 ಮಿಲಿಮೀಟರ್ ಸರಿಯುತ್ತದೆ, ಅಷ್ಟೆ. ಆಗಲೂ ಹತ್ತು ಅಂಕ ಸಿಗುತ್ತದೆ. ಆದರೆ ಕಚ್ಚಿನೊಳಗೆ ಮೊಳೆ ಒಂದೇ ಒಂದು ಮಿಲಿಮೀಟರ್ ವಾಲಿತೆನ್ನಿ. ಎರಡರ ನಡುವಿನ ಅಂತರ 30 ಸೆಂಟಿಮೀಟರ್ ಇದ್ದರೆ, ಗುಂಡು 10 ಮೀಟರ್ ದೂರ ಹೋಗುವಷ್ಟರಲ್ಲಿ ಆ ತಪ್ಪು 33 ಮಿಲಿಮೀಟರ್ ಆಗಿ ಬೆಳೆಯುತ್ತದೆ. ಗುರಿಹಲಗೆಯ ಕಪ್ಪು ಭಾಗದಿಂದಲೇ ಗುಂಡು ಆಚೆ!

ಇಲ್ಲಿ ಕಣ್ಣಿನ ಮಿತಿ ಎದುರಾಗುತ್ತದೆ. ಕಚ್ಚು, ಮೊಳೆ, ಗುರಿ ಮೂರೂ ಬೇರೆ ಬೇರೆ ದೂರದಲ್ಲಿವೆ. ಮನುಷ್ಯನ ಕಣ್ಣು ಒಂದು ಹೊತ್ತಿಗೆ ಒಂದೇ ದೂರವನ್ನು ಸ್ಪಷ್ಟವಾಗಿ ಕಾಣಬಲ್ಲದು. ಘಾಟಿಯಲ್ಲಿರುವಂಥ ಕನ್ನಡಿಯ ಅನುಕೂಲ ಇಲ್ಲಿಲ್ಲ, ಒಂದನ್ನು ಆರಿಸಿಕೊಳ್ಳಲೇಬೇಕು. ಹೊಸಬರು ಸಹಜವಾಗಿ ಗುರಿಯನ್ನು ದಿಟ್ಟಿಸುತ್ತಾರೆ. ನುರಿತವರು ಮೊಳೆಯನ್ನು ದಿಟ್ಟಿಸಿ, ಗುರಿಯನ್ನು ಮಸುಕಾಗಲು ಬಿಡುತ್ತಾರೆ. ಗುರಿಯಿಡುವುದೆಂದರೆ ಗುರಿಯನ್ನು ಮಸುಕಾಗಿಸುವುದು ಎಂದರೆ ಯಾರು ತಾನೆ ಒಪ್ಪುತ್ತಾರೆ? ಆದ್ದರಿಂದಲೇ ಈ ಪಾಠ ಬೇಗ ತಲೆಗೆ ಹತ್ತುವುದಿಲ್ಲ.

ಎರಡನೆಯ ತಪ್ಪು ಬೆರಳಿನದು. ಕೈ ತೂಗಾಡುವಾಗ ‘ಈಗ ಸರಿಯಾಯಿತು’ ಎನ್ನಿಸಿದ ಕ್ಷಣದಲ್ಲಿ ಟ್ರಿಗರನ್ನು ಗಬಕ್ಕನೆ ಎಳೆದರೆ ಇಡೀ ಮುಷ್ಟಿ ಬಿಗಿಯುತ್ತದೆ. ಬಲಗೈಯವರ ಗುಂಡು ಸಾಮಾನ್ಯವಾಗಿ ಎಡಕ್ಕೆ, ಕೆಳಕ್ಕೆ ಬೀಳುತ್ತದೆ. ಬೆರಳಿನ ಒತ್ತಡ ಮೆಲ್ಲಗೆ ಏರುತ್ತ, ಗುಂಡು ಯಾವಾಗ ಹಾರಿತೆಂದು ಹೊಡೆದವರಿಗೇ ಅಚ್ಚರಿಯಾಗಬೇಕು. ಸಿಡಿಮದ್ದಿನ ಪಿಸ್ತೂಲಿನಲ್ಲಿ ಇನ್ನೊಂದು ಕಾಟ: ಸದ್ದು ಮತ್ತು ಹಿಂದೊದೆತಕ್ಕೆ ಅಂಜಿ ಕೈ ಮೊದಲೇ ಕುಗ್ಗುವುದು. ಇದನ್ನು ಹಿಡಿಯಲು ತರಬೇತುದಾರರು ಶೂಟರ್‌ಗೆ ಗೊತ್ತಾಗದಂತೆ ಗುಂಡುಗಳ ನಡುವೆ ಒಂದು ಹುಸಿಗುಂಡನ್ನು ಸೇರಿಸುತ್ತಾರೆ. ಸದ್ದೇ ಬರುವುದಿಲ್ಲ, ಆದರೂ ನಳಿಗೆ ಕೆಳಗೆ ಬಾಗುತ್ತದೆ. ಆಗ ಆಯುಧವನ್ನು ದೂರುವಂತಿಲ್ಲ.

ಮದ್ದು ಸರಳ: ಆಯುಧ ಖಾಲಿಯಿದೆಯೆಂದು ಎರಡೆರಡು ಸಲ ಖಚಿತಪಡಿಸಿಕೊಂಡು, ಬಿಳಿ ಗೋಡೆಗೆ ಎದುರಾಗಿ ಬರಿದೇ ಟ್ರಿಗರ್ ಒತ್ತುವ ಅಭ್ಯಾಸ. ಟಕ್ ಎಂದಾಗ ಮೊಳೆ ಕದಲಬಾರದು. ಟಕ್ ಎಂದ ಮೇಲೂ ಒಂದು ಗಳಿಗೆ ಹಾಗೆಯೇ ನಿಂತಿರಬೇಕು. ಗುರಿ ಕೂಡದೆ ಎಂಟು ಹತ್ತು ಸೆಕೆಂಡು ಕಳೆದರೆ ಕಣ್ಣೂ ತೋಳೂ ದಣಿಯುತ್ತವೆ. ಹಟ ಹಿಡಿಯದೆ ಕೈ ಇಳಿಸಿ, ಉಸಿರು ತೆಗೆದುಕೊಂಡು ಮತ್ತೆ ಎತ್ತುವುದು ಲೇಸು. ಕಲಿಯುವವರಿಗೆ ಅತಿ ಕಷ್ಟವಾಗುವುದು ಈ ಇಳಿಸುವ ಕೆಲಸವೇ.

ಈ ಕಲೆಯಲ್ಲಿ ಬೆಂಗಳೂರಿಗೆ ಒಳ್ಳೆಯ ಹೆಸರಿದೆ. ಪಿ.ಎನ್. ಪ್ರಕಾಶ್ 2013ರಲ್ಲಿ ಕೊರಿಯಾದ ಚಾಂಗ್‌ವಾನ್ ವಿಶ್ವಕಪ್‌ನಲ್ಲಿ ಏರ್ ಪಿಸ್ತೂಲಿನ ಕಂಚು ಗೆದ್ದರು. ಅದೇ ವರ್ಷ ಸ್ಪೇನಿನ ಗ್ರನಾಡಾದಲ್ಲಿದ್ದಾಗ ಅವರ ಮುಖದ ಒಂದು ಬದಿ ಪಾರ್ಶ್ವವಾಯುವಿಗೆ ತುತ್ತಾಯಿತು. ಕಣ್ಣು, ರೆಪ್ಪೆ, ಕೆನ್ನೆಯ ಸ್ನಾಯುಗಳನ್ನೇ ನಂಬಿದ ಕ್ರೀಡೆಯಲ್ಲಿ ಇದಕ್ಕಿಂತ ದೊಡ್ಡ ಪೆಟ್ಟಿಲ್ಲ. ಮರುವರ್ಷ ಗ್ಲಾಸ್ಗೋ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ ಅವರು ಬೆಳ್ಳಿ ಪಡೆದರು; 2016ರಲ್ಲಿ ರಿಯೊ ಒಲಿಂಪಿಕ್ಸಿಗೂ ಹೋದರು. ಟಿ.ಎಸ್. ದಿವ್ಯಾ 2023ರಲ್ಲಿ ಹ್ಯಾಂಗ್‌ಝೌ ಏಷ್ಯನ್ ಕ್ರೀಡಾಕೂಟದಿಂದ ಏರ್ ಪಿಸ್ತೂಲಿನ ಎರಡು ಬೆಳ್ಳಿ ತಂದರು.

ಇನ್ನು ಜಾತ್ರೆಯ ಬಂದೂಕಿನ ದೂರು. ಅದನ್ನು ಪರೀಕ್ಷಿಸುವುದು ಸುಲಭ. ಬಲೂನುಗಳನ್ನು ಬಿಟ್ಟು ಹಲಗೆಯ ಒಂದೇ ಚುಕ್ಕೆಗೆ, ಒಂದೇ ರೀತಿಯಲ್ಲಿ ಐದು ಗುಂಡು ಹೊಡೆಯಬೇಕು. ಐದೂ ಅತ್ತಿತ್ತ ಚೆದುರಿದರೆ ಬಹುಪಾಲು ತಪ್ಪು ಹೊಡೆದವರದೇ. ಚುಕ್ಕೆಯಿಂದ ದೂರವಾದರೂ ಐದೂ ಒತ್ತಾಗಿ ಒಂದೇ ಕಡೆ ಬಿದ್ದಿದ್ದರೆ ಬಂದೂಕು ನಿಜಕ್ಕೂ ಸೊಟ್ಟ. ಆಗ ಅದು ಎಷ್ಟು ಎಡಕ್ಕೆ ಹೊಡೆಯುತ್ತದೋ ಅಷ್ಟೇ ಬಲಕ್ಕೆ ಹಿಡಿದು ಆರನೆಯ ಗುಂಡನ್ನು ಬಲೂನಿಗೆ ಬಿಡಬಹುದು.