ಜನರೇಟರ್ ತಂದರು, ಮೋಟಾರು ಏಳಲಿಲ್ಲ!

ಗಾಳಿ ಮಳೆ ಬಂತೆಂದರೆ ಕೆ.ಆರ್.ಪುರದಲ್ಲಿ ಕರೆಂಟ್ ಹೋಯ್ತು ಅಂತಲೇ ಲೆಕ್ಕ. ಆಮೇಲೆ ಅಂಗಡಿ ಸಾಲಿನಲ್ಲಿ ಡುಗ್ ಡುಗ್ ಡುಗ್!

ದೇವಸಂದ್ರದಲ್ಲಿ ಒಬ್ಬರು ಹಾಲಿನ ಅಂಗಡಿಯವರು. ಕೆಳಗೆ ಅಂಗಡಿ, ಮೇಲೆ ಮನೆ. ಒಂದು ಕೆ.ವಿ.ಎ. ಜನರೇಟರ್ ತಂದರು. ಫ್ರಿಜ್ ಓಡಿತು, ಫ್ಯಾನು ತಿರುಗಿತು. ಸಂಪಿನ ಮೋಟಾರು ಹಾಕಿದ್ದೇ ತಡ, ಜನರೇಟರೇ ಮಲಗಿತು.

"ಏನಣ್ಣಾ, ಬರೀ ಅರ್ಧ ಎಚ್.ಪಿ. ಮೋಟಾರು, ಅದನ್ನೂ ಎತ್ತಕ್ಕಾಗಲ್ವಾ?" ಎಂದು ನಮ್ಮನ್ನೇ ಕೇಳಿದರು.

ಆಗೋಲ್ಲ ಸ್ವಾಮಿ. ಒಂದು ಎಚ್.ಪಿ. ಅಂದರೆ 746 ವ್ಯಾಟ್, ಅರ್ಧ ಅಂದರೆ 373. ಅದು ಮೋಟಾರು ಕೊಡುವ ಶಕ್ತಿ. ಎಳೆಯುವ ಕರೆಂಟು ಇನ್ನೂ ಜಾಸ್ತಿ. ಏಳುವ ಕ್ಷಣದಲ್ಲಂತೂ ಮೂರು ಪಟ್ಟಿಗೂ ಮೀರುತ್ತದೆ. ಫ್ರಿಜ್ಜಿನದೂ ಇದೇ ಕಥೆ. ಇನ್ನು ಕೆ.ವಿ.ಎ. ಲೆಕ್ಕ: 0.8ರ ಪ್ರಕಾರ 2 ಕೆ.ವಿ.ಎ. ಅಂದರೆ 1,600 ವ್ಯಾಟ್ ಅಷ್ಟೆ. ಆದ್ದರಿಂದ ಅಂಗಡಿಯಲ್ಲಿ 'ಮ್ಯಾಕ್ಸಿಮಮ್' ಓದಿ ಮರುಳಾಗಬೇಡಿ, 'ರೇಟೆಡ್' ವ್ಯಾಟ್ ಎಷ್ಟು ಅಂತ ಕೇಳಿ.

ಹಿಂದೆ ಪೆಟ್ರೋಲಿನಲ್ಲಿ ಸ್ಟಾರ್ಟ್ ಮಾಡಿ ಸೀಮೆಎಣ್ಣೆಗೆ ತಿರುಗಿಸುವ ಸೆಟ್ಟುಗಳಿದ್ದವು. ಖರ್ಚು ಕಡಿಮೆ, ಹೊಗೆ ಜಾಸ್ತಿ. ಈಗ ಪೆಟ್ರೋಲು ಲೀಟರಿಗೆ ನೂರು ದಾಟಿದೆ. ಸಣ್ಣ ಜನರೇಟರಿನಲ್ಲಿ ಒಂದು ಲೀಟರಿಗೆ ಸಿಗುವುದು ಹೆಚ್ಚೆಂದರೆ ಎರಡು ಯೂನಿಟ್. ದಿನಾ ಒಂದೆರಡು ಗಂಟೆ ಕರೆಂಟ್ ಹೋಗುವವರಿಗೆ ಬ್ಯಾಟರಿ ಯು.ಪಿ.ಎಸ್. ಸಾಕು. ಇಡೀ ರಾತ್ರಿ ಹೋದಾಗ ಮಾತ್ರ ಜನರೇಟರ್ ಬೇಕು.

ಅಂಥ ರಾತ್ರಿಗಳು ನಮ್ಮ ಕಡೆ ಇವೆ. 2025ರ ಮೇ ಮಳೆಗೆ ಹೊರಮಾವಿನ ಸಾಯಿ ಲೇಔಟ್ ಮುಳುಗಿದ್ದು ಮರೆತಿಲ್ಲವಷ್ಟೆ? ಯು.ಪಿ.ಎಸ್. ಆಗಲಿ ಜನರೇಟರ್ ಆಗಲಿ, ನೆಲದ ಮೇಲಿಟ್ಟರೆ ನೀರು ಪಾಲು. ಎತ್ತರದ ಕಟ್ಟೆ ಕಟ್ಟಿಸಿ.

ಆದರೆ ಮಳೆ ಬಂತೆಂದು ಒಳಗೆ ತಂದಿಟ್ಟೀರಿ, ಜೋಕೆ! ಅದರ ಹೊಗೆಯಲ್ಲಿ ಕಾರ್ಬನ್ ಮೊನಾಕ್ಸೈಡ್ ಇದೆ. ಬಣ್ಣವಿಲ್ಲ, ವಾಸನೆಯಿಲ್ಲ, ಮಲಗಿದವರು ಏಳುವುದಿಲ್ಲ. ಮೆಟ್ಟಿಲ ಕೆಳಗೂ ಬೇಡ, ಬಾಲ್ಕನಿಯಲ್ಲೂ ಬೇಡ. ಹೊರಗೆ, ಮಾಡಿನಡಿ, ಕಿಟಕಿಯಿಂದ ಇಪ್ಪತ್ತು ಅಡಿ ದೂರ. ಅಷ್ಟು ಜಾಗ ಇಲ್ಲದ ಮನೆಗೆ ಜನರೇಟರೇ ಬೇಡ, ಇದು ನಮ್ಮ ಅಭಿಪ್ರಾಯ.

ಇನ್ನೊಂದು. ಎರಡೂ ಕಡೆ ಪಿನ್ನಿರುವ ವೈರು ಮಾಡಿ ಗೋಡೆಯ ಸಾಕೆಟ್ಟಿಗೇ ಕರೆಂಟ್ ಕೊಡುವ ಬುದ್ಧಿವಂತರಿದ್ದಾರೆ. ಆ ಕರೆಂಟು ಮೀಟರು ದಾಟಿ ಕಂಬಕ್ಕೆ ಹೋಗುತ್ತದೆ. ಕಂಬದ ಮೇಲೆ ಬೆಸ್ಕಾಂ ಲೈನ್‌ಮನ್ ಇರುತ್ತಾನೆ, ಅವನಿಗೂ ಹೆಂಡತಿ ಮಕ್ಕಳು. ಎಲೆಕ್ಟ್ರಿಷಿಯನ್ ಕರೆಸಿ ಚೇಂಜ್‌ಓವರ್ ಸ್ವಿಚ್ ಹಾಕಿಸಿ, ಅರ್ಥಿಂಗೂ ನೋಡಿಸಿ.

ಹಾಲಿನ ಅಂಗಡಿಯವರು ಹೊಸ ಜನರೇಟರ್ ಕೊಳ್ಳಲಿಲ್ಲ. ಮೋಡ ಕಂಡ ಕೂಡಲೇ ಮೋಟಾರು ಹಾಕಿ ಟ್ಯಾಂಕು ತುಂಬಿಸಿಕೊಳ್ಳುತ್ತಾರೆ. ಜನರೇಟರ್ ಹಾಲಿನ ಫ್ರಿಜ್ಜಿಗೆ, ಎರಡು ಫ್ಯಾನಿಗೆ.