ಹೀರೋ ಇಲ್ಲದ ಹಾಡು ಮುಂಬೈಗೆ ಬಂದಾಗ

1980ರ 'ಕುರ್ಬಾನಿ'ಗೆ ಸಂಗೀತ ಕೊಟ್ಟವರು ಕಲ್ಯಾಣಜಿ-ಆನಂದಜಿ. ಆದರೆ ಆ ಚಿತ್ರದ ಹೆಸರೆತ್ತಿದರೆ ಜನ ಇಂದಿಗೂ ಗುನುಗುವ 'ಆಪ್ ಜೈಸಾ ಕೋಯಿ' ಅವರದಲ್ಲ. ಅದರ ರಾಗ ಕಟ್ಟಿದವರು ಬೆಂಗಳೂರಿನಲ್ಲಿ ಹುಟ್ಟಿದ ಕೊಡವ, ಬಿದ್ದು ಅಪ್ಪಯ್ಯ. ಕಟ್ಟಿಸಿದ, ಚಿತ್ರದ ನಿರ್ದೇಶಕ ಫಿರೋಜ್ ಖಾನ್ ಕೂಡ ಬೆಂಗಳೂರಿನವರೇ. ಹಾಡಿದ ನಾಜಿಯಾ ಹಸನ್ ಕರಾಚಿಯಲ್ಲಿ ಹುಟ್ಟಿ ಲಂಡನ್ನಿನಲ್ಲಿ ಬೆಳೆಯುತ್ತಿದ್ದ, ಹದಿನೈದರ ಆಸುಪಾಸಿನ ಹುಡುಗಿ. ಮುಂಬೈಯ ಪಾಲು ಅಂದರೆ ಇಂದೀವರ್ ಬರೆದ ಸಾಹಿತ್ಯ, ಪರದೆ ಮೇಲೆ ಕೆಂಪು ಗೌನು ತೊಟ್ಟ ಜೀನತ್ ಅಮಾನ್, ಅಷ್ಟೇ.

ಬಿದ್ದು ಅರವತ್ತರ ದಶಕದಲ್ಲಿ ಬೆಂಗಳೂರಿನ 'ಟ್ರೋಜನ್ಸ್' ಬ್ಯಾಂಡಿನಲ್ಲಿ ಗಿಟಾರ್ ಹಿಡಿದವರು. 1967ರಲ್ಲಿ ಇಂಗ್ಲೆಂಡಿನ ದಾರಿ ಹಿಡಿದರು. 1974ರಲ್ಲಿ ಕಾರ್ಲ್ ಡಗ್ಲಸ್ ಹಾಡಿದ ಅವರ 'ಕುಂಗ್ ಫು ಫೈಟಿಂಗ್' ಬ್ರಿಟನ್, ಅಮೆರಿಕ ಎರಡರಲ್ಲೂ ಮೊದಲ ಸ್ಥಾನಕ್ಕೇರಿತು. ರೆಕಾರ್ಡಿನ ಹಿಂಬದಿ ತುಂಬಿಸಲೆಂದು ಅವಸರದಲ್ಲಿ ಮುಗಿಸಿದ ಹಾಡದು!

'ಆಪ್ ಜೈಸಾ ಕೋಯಿ' ಕೇಳಿದವರಿಗೆ ಮೊದಲು ತಟ್ಟಿದ್ದು ರಾಗವಲ್ಲ, ಸದ್ದು. ಆಗ ಮುಂಬೈಯಲ್ಲಿ ಹಾಡು ಧ್ವನಿಮುದ್ರಣವೆಂದರೆ ತಾಡದೇವ್‌ನ ಫಿಲ್ಮ್ ಸೆಂಟರ್‌ನಂಥ ಕಡೆ ಪಿಟೀಲಿನವರು, ತಬಲದವರು, ಗಾಯಕರು ಎಲ್ಲ ಒಟ್ಟಿಗೆ ಸೇರಬೇಕು. ಒಬ್ಬರು ತಪ್ಪಿದರೆ ಎಲ್ಲರೂ ಮತ್ತೆ ಮೊದಲಿನಿಂದ. ಲಂಡನ್ನಿನಲ್ಲಿ ಬಿದ್ದು 24 ಟ್ರ್ಯಾಕಿನ ಯಂತ್ರದ ಮೇಲೆ ಒಂದೊಂದು ವಾದ್ಯವನ್ನೂ ಬೇರೆ ಬೇರೆ ಹಿಡಿದರು. ನಾಜಿಯಾ ತನ್ನ ದನಿಯ ಮೇಲೆ ತಾನೇ ಮತ್ತೊಮ್ಮೆ ಹಾಡಿದಳು. ಆ ಎಳೆಯ, ತುಸು ಮೂಗಿನ ಕಂಠಕ್ಕೆ ಬಂದ ದಪ್ಪ, ಹೊಳಪು ಈ ಜೋಡಣೆಯಿಂದಲೇ. ಲತಾ-ಆಶಾ ದನಿಗೆ ಒಗ್ಗಿದ್ದ ಕಿವಿಗಳಿಗೆ ಅದು ಬೇರೆ ಗ್ರಹದಿಂದ ಬಂದಂತಿತ್ತು. ಫಿಲ್ಮ್‌ಫೇರ್ ಪ್ರಶಸ್ತಿ ಆ ಹುಡುಗಿಗೇ ಹೋಯಿತು.

ನನ್ನ ಮಟ್ಟಿಗೆ ನಿಜವಾದ ಸಾಹಸ ಅದರ ನಂತರದ್ದು. 1981ರಲ್ಲಿ ನಾಜಿಯಾ, ಸೋದರ ಜೊಹೇಬ್ ಜೊತೆ ಬಿದ್ದು ತಂದ 'ಡಿಸ್ಕೋ ದೀವಾನೆ'ಗೆ ಸಿನಿಮಾ ಇಲ್ಲ, ಹೀರೋ ಇಲ್ಲ, ಸನ್ನಿವೇಶವಿಲ್ಲ. ಬರೀ ಹಾಡು. ಆದರೂ ಕ್ಯಾಸೆಟ್ ಬಿಸಿ ದೋಸೆಯಂತೆ ಖರ್ಚಾಯಿತು. 1982ರ 'ಬೂಮ್ ಬೂಮ್' ಹಾಡುಗಳನ್ನು 'ಸ್ಟಾರ್' ಚಿತ್ರಕ್ಕೆ ಬಳಸಿದರು. ಚಿತ್ರ ಮಕಾಡೆ ಮಲಗಿತು, ಹಾಡುಗಳು ಉಳಿದವು. ಮುಂದೆ 1984ರಲ್ಲಿ 'ಯಂಗ್ ತರಂಗ್', 1987ರಲ್ಲಿ 'ಹಾಟ್‌ಲೈನ್'. ಕೊನೆಯ 'ಕ್ಯಾಮೆರಾ ಕ್ಯಾಮೆರಾ' 1992ರಲ್ಲಿ ಬರುವ ಹೊತ್ತಿಗೆ ಆ ಬಿಸಿ ಆರಿತ್ತು.

'ಬೂಮ್ ಬೂಮ್' ಬಂದ ಅದೇ 1982ರಲ್ಲಿ ಮುಂಬೈಯ ಸಿನಿಮಾ ವಾದ್ಯಗಾರ ಚರಣ್‌ಜಿತ್ ಸಿಂಗ್ ರೋಲ್ಯಾಂಡ್ ಕಂಪನಿಯ ಮೂರು ಎಲೆಕ್ಟ್ರಾನಿಕ್ ವಾದ್ಯ ಇಟ್ಟುಕೊಂಡು ಹತ್ತು ರಾಗಗಳನ್ನು ಡಿಸ್ಕೋ ತಾಳಕ್ಕೆ ನುಡಿಸಿದ್ದರು. ಭೂಪಾಲಿ, ಮಾಲ್ಕೌಂಸ್, ಅಂದರೆ ನಮ್ಮ ಮೋಹನ, ಹಿಂದೋಳ. ಯಾರೂ ಕಿವಿಗೊಡಲಿಲ್ಲ. 2010ರಲ್ಲಿ ಡಚ್ ಸಂಗ್ರಾಹಕರೊಬ್ಬರು ಮರುಬಿಡುಗಡೆ ಮಾಡಿದ ಮೇಲೆ, ಷಿಕಾಗೋದವರ ನೃತ್ಯಸಂಗೀತ ಆಸಿಡ್ ಹೌಸ್‌ಗಿಂತ ಐದು ವರ್ಷ ಮೊದಲೇ ಹೀಗೆ ನುಡಿಸಿದ್ದಾರಲ್ಲ ಎಂದು ಜಗತ್ತು ಬೆರಗಾಯಿತು. ಸಿನಿಮಾದ ಹಂಗಿಲ್ಲದ ಸಂಗೀತ ಮುಂಬೈಯಲ್ಲಿ ಗೆಲ್ಲುವುದಕ್ಕೂ ಸಿನಿಮಾ ಹಾಡೊಂದು ಮೊದಲು ಬಾಗಿಲು ತೆರೆಯಬೇಕಿತ್ತೇನೋ. ನಾಜಿಯಾಗೆ ತೆರೆದಿತ್ತು, ಚರಣ್‌ಜಿತ್‌ಗೆ ತೆರೆದಿರಲಿಲ್ಲ.

ನಾಜಿಯಾ ಕಾನೂನು ಓದಿದರು, ವಿಶ್ವಸಂಸ್ಥೆಯಲ್ಲಿ ದುಡಿದರು. ಬಿದ್ದು ಇನ್ನೊಂದು ಹಾಡು ಹಿಡಿದು ಬಂದಾಗ, ಪಾಕಿಸ್ತಾನದಲ್ಲಿ ಮನಸ್ಸು ನೋಯಬಹುದೆಂದು ಒಲ್ಲೆ ಎಂದರು. 2000ದ ಆಗಸ್ಟ್ 13ರಂದು, 35ರ ವಯಸ್ಸಿನಲ್ಲಿ, ಶ್ವಾಸಕೋಶದ ಕ್ಯಾನ್ಸರಿಗೆ ಲಂಡನ್ನಿನಲ್ಲಿ ತೀರಿಕೊಂಡರು. ಅವರು ಒಲ್ಲೆ ಎಂದ ಆ ಹಾಡನ್ನು 1995ರಲ್ಲಿ ಅಲಿಶಾ ಚಿನಾಯ್ ಹಾಡಿದರು. ಅದರ ಹೆಸರು 'ಮೇಡ್ ಇನ್ ಇಂಡಿಯಾ'.