ನಗಿಸಿದ ಮುಖದ ಹಿಂದೆ

ಸಿನಿಮಾ ನೋಡಿ ಹೊರಬಂದವರ ನೆನಪಿನಲ್ಲಿ ಉಳಿಯುವುದು ನಟನ ಮುಖ. ಆ ಮುಖಕ್ಕೆ ಮಾತು ಕೊಟ್ಟವನ ಹೆಸರು ಪರದೆಯ ಮೇಲೆ ಕ್ಷಣಕಾಲ ಮೂಡಿ ಮರೆಯಾಗುತ್ತದೆ. ಇಟಲಿಯ ಹಾಸ್ಯಚಿತ್ರಗಳ ಮಟ್ಟಿಗೆ ಹೀಗೆ ಮರೆಯಲ್ಲೇ ಉಳಿದವನು ರೊಡೊಲ್ಫೊ ಸೊನೆಗೊ. ನಟ ಅಲ್ಬೆರ್ಟೊ ಸೋರ್ಡಿ ಆ ದೇಶದಲ್ಲಿ ಮನೆಮಾತು. ಆತನಿಗಾಗಿ ಹತ್ತಾರು ಚಿತ್ರಗಳನ್ನು ಬರೆದ ಸೊನೆಗೊನನ್ನು ಬಲ್ಲವರು ಕಡಿಮೆ.

ಸೊನೆಗೊ ಹುಟ್ಟಿದ್ದು 1921ರಲ್ಲಿ, ಆಲ್ಪ್ಸ್ ಪರ್ವತಗಳ ಸೀಮೆಯ ಬೆಲ್ಲುನೊದಲ್ಲಿ. ಮೊದಲ ಒಲವು ಚಿತ್ರಕಲೆ. 1943ರಲ್ಲಿ ಜರ್ಮನ್ ಸೈನ್ಯ ಉತ್ತರ ಇಟಲಿಯನ್ನು ಆಕ್ರಮಿಸಿಕೊಂಡ ಮೇಲೆ, ತನ್ನ ಸೀಮೆಯ ಬೆಟ್ಟಗಳಲ್ಲಿ ಹೋರಾಡುತ್ತಿದ್ದ ಪ್ರತಿರೋಧ ಪಡೆಯನ್ನು ಸೇರಿದ. ಯುದ್ಧ ಮುಗಿದ ನಂತರ ರೋಮ್‌ಗೆ ಬಂದು ಚಿತ್ರಕಥೆಗಾರನಾದ. 1954ರಲ್ಲಿ 'ಇಲ್ ಸೆದುತ್ತೋರೆ' ಚಿತ್ರದಲ್ಲಿ ಸೋರ್ಡಿಯೊಂದಿಗೆ ಕೂಡಿಕೊಂಡ ನಂಟು 1998ರವರೆಗೂ ಸಾಗಿತು.

ಸೊನೆಗೊ ಕಟ್ಟಿಕೊಟ್ಟ ನಾಯಕ ಶೂರನಲ್ಲ. ಪುಕ್ಕಲ, ಜಂಬಗಾರ, ಅವಕಾಶ ಸಿಕ್ಕರೆ ಸಣ್ಣಪುಟ್ಟ ಮೋಸಕ್ಕೂ ಹೇಸದ ಸಾಮಾನ್ಯ ಮನುಷ್ಯ. ಯುದ್ಧದ ಬಡತನದಿಂದ ಹೊರಬಂದು ಕಾರು, ಫ್ರಿಜ್ಜುಗಳ ಕಾಲಕ್ಕೆ ಕಾಲಿಟ್ಟಿದ್ದ ಇಟಲಿ ಅವನಲ್ಲಿ ತನ್ನನ್ನೇ ಕಂಡು ನಕ್ಕಿತು.

ಸೊನೆಗೊ ಬರೆದು ಡಿನೊ ರಿಸಿ ನಿರ್ದೇಶಿಸಿದ 'ಉನಾ ವೀಟಾ ದಿಫ್ಫಿಚಿಲೆ' (ಕಷ್ಟದ ಬದುಕು, 1961) ಇದಕ್ಕೆ ಒಳ್ಳೆಯ ನಿದರ್ಶನ. ಇದರ ನಾಯಕನೂ ಮಾಜಿ ಹೋರಾಟಗಾರ. ಈಗ ಬಡ ಪತ್ರಕರ್ತ. 1946ರ ಜೂನ್‌ನಲ್ಲಿ ಇಟಲಿಗೆ ಅರಸೊತ್ತಿಗೆ ಬೇಕೋ ಗಣರಾಜ್ಯ ಬೇಕೋ ಎಂಬ ಜನಮತಗಣನೆ ನಡೆಯಿತು. ಅದರ ಫಲಿತಾಂಶದ ರಾತ್ರಿ ಅರಸರ ಪಕ್ಷಪಾತಿಗಳಾದ ಶ್ರೀಮಂತರ ಔತಣಕ್ಕೆ ಹಸಿದ ಈ ಗಂಡಹೆಂಡಿರಿಗೆ ಕರೆ ಬರುತ್ತದೆ. ಕಾರಣವಿಷ್ಟೆ: ಊಟದ ಮೇಜಿನಲ್ಲಿ ಅಪಶಕುನದ ಸಂಖ್ಯೆಯಾದ 13 ಜನ ಆಗಬಾರದು. ಗಣರಾಜ್ಯ ಗೆದ್ದಿತೆಂದು ರೇಡಿಯೋ ಸಾರುತ್ತದೆ. ಮನೆಯವರು ದುಃಖದಿಂದ ಎದ್ದುಹೋಗುತ್ತಾರೆ. ಇವರಿಬ್ಬರು ಹೊಟ್ಟೆತುಂಬ ಉಣ್ಣುತ್ತಾರೆ. ಆದರೆ ಗೆದ್ದ ಗಣರಾಜ್ಯದಲ್ಲೂ ಅವನ ಹಸಿವು ತೀರುವುದಿಲ್ಲ. ಕೊನೆಗೆ ಧಣಿಯೊಬ್ಬನ ಕೈಯಾಳಾಗಿ, ಅತಿಥಿಗಳೆದುರು ಅವಮಾನ ನುಂಗಬೇಕಾಗುತ್ತದೆ. ಒಂದು ದಿನ ಆ ಧಣಿಯ ಕೆನ್ನೆಗೆ ಬಾರಿಸಿ, ಈಜುಕೊಳಕ್ಕೆ ಕೆಡವಿ, ಹೆಂಡತಿಯೊಡನೆ ಹೊರನಡೆಯುತ್ತಾನೆ.

ಲುಯಿಜಿ ಕೊಮೆಂಚಿನಿ ನಿರ್ದೇಶಿಸಿದ 'ಲೊ ಸ್ಕೊಪೋನೆ ಶಿಯೆಂತಿಫಿಕೊ' (1972) ಇನ್ನೂ ಕಟುವಾದುದು. ಹಾಲಿವುಡ್‌ನ ಬೆಟ್ಟೆ ಡೇವಿಸ್ ಇದರಲ್ಲಿ ಕೋಟ್ಯಧೀಶೆ ಮುದುಕಿ. ವರ್ಷಕ್ಕೊಮ್ಮೆ ರೋಮ್‌ಗೆ ಬಂದು, ಜೋಪಡಿಯ ದಂಪತಿಗಳಿಗೆ ತಾನೇ ಹಣ ಕೊಟ್ಟು ಇಸ್ಪೀಟಾಡಲು ಕೂರಿಸುತ್ತಾಳೆ. ಸೋತಾಗಲೆಲ್ಲ ಪಣವನ್ನು ಇಮ್ಮಡಿಗೊಳಿಸುತ್ತಾಳೆ. ಅವಳ ಹಣಕ್ಕೆ ಕೊನೆಯಿಲ್ಲ. ಒಂದು ಸಲ ಗೆದ್ದರೆ ಸಾಕು, ಹೋದದ್ದೆಲ್ಲ ಮರಳುತ್ತದೆ. ಬಡವರು ಎಷ್ಟು ಸಲ ಗೆದ್ದರೂ ಒಂದೇ ಸೋಲಿಗೆ ಬರಿಗೈ. ಬಂಡವಾಳದ ಆಟವನ್ನು ಇಷ್ಟು ಸರಳವಾಗಿ ವಿವರಿಸಿದ ಅರ್ಥಶಾಸ್ತ್ರದ ಪಾಠ ಅಪರೂಪ. ಕಡೆಗೆ ದಂಪತಿಗಳ ಎಳೆಯ ಮಗಳು ಮುದುಕಿಗೆ ಬೀಳ್ಕೊಡುಗೆಯಾಗಿ ಕೊಡುವುದು ವಿಷ ಬೆರೆಸಿದ ಕೇಕು. ಅಲ್ಲಿಗೆ ಪ್ರೇಕ್ಷಕನ ನಗು ಗಂಟಲಲ್ಲೇ ಸಿಕ್ಕಿಕೊಳ್ಳುತ್ತದೆ.

ಸೊನೆಗೊ 2000ದಲ್ಲಿ ತೀರಿಕೊಂಡ. 2003ರಲ್ಲಿ ಸೋರ್ಡಿ ನಿಧನನಾದಾಗ ಅಂತಿಮ ವಿದಾಯಕ್ಕೆ ರೋಮ್‌ನಲ್ಲಿ ಜನಸಾಗರವೇ ನೆರೆಯಿತು. ಸೊನೆಗೊನ ಕುರಿತು ತಾತ್ತಿ ಸಾಂಗ್ವಿನೇತಿ ಸಿದ್ಧಪಡಿಸಿದ ಗ್ರಂಥ 2015ರಲ್ಲಿ ಹೊರಬಂತು. ಅದರ ಹೆಸರು 'ಅಲ್ಬೆರ್ಟೊ ಸೋರ್ಡಿಯ ಮಿದುಳು'. ತನ್ನ ಪುಸ್ತಕದ ಶೀರ್ಷಿಕೆಯಲ್ಲೂ ಸೊನೆಗೊನಿಗೆ ನಟನ ಹೆಸರಿನ ನೆರಳೇ ಗತಿಯಾಯಿತು.